ಕ್ರೌರ್ಯಕ್ಕೇ ಮೊದಲ ಸ್ಥಾನ: ಜುಡಿತ್ ಶ್ಕ್ಲಾರ್ ಬದುಕು, ಚಿಂತನೆ

ಒಳ್ಳೆಯ ರಾಜ್ಯ ಹೇಗಿರಬೇಕು ಎಂದು ಪ್ಲೇಟೋನಿಂದ ಹಿಡಿದು ಜಾನ್ ರಾಲ್ಸ್‌ವರೆಗೆ ರಾಜಕೀಯ ಚಿಂತಕರು ಕೇಳುತ್ತಲೇ ಬಂದಿದ್ದಾರೆ. ಅಮೆರಿಕದ ರಾಜ್ಯಶಾಸ್ತ್ರಜ್ಞೆ ಜುಡಿತ್ ಶ್ಕ್ಲಾರ್ (1928–1992) ಕೇಳಿದ್ದು ಬೇರೆಯೇ ಪ್ರಶ್ನೆ: ಬಲವಿದ್ದವರು ಬಲವಿಲ್ಲದವರಿಗೆ ಮಾಡುವ ಕೆಡುಕುಗಳಲ್ಲೆಲ್ಲ ತೀರಾ ಕೆಟ್ಟದ್ದು ಯಾವುದು? ಕ್ರೌರ್ಯ ಎಂಬುದು ಅವರು ಕಂಡುಕೊಂಡ ಉತ್ತರ. ಕ್ರೌರ್ಯವನ್ನು ಕೆಡುಕಿನ ಪಟ್ಟಿಯ ತಲೆಗೆ ಇಟ್ಟು ನೋಡಿದರೆ ಸಂವಿಧಾನ, ಹಕ್ಕು, ನ್ಯಾಯಾಲಯ, ಪೌರತ್ವ ಇವೆಲ್ಲ ಹೇಗೆ ಕಾಣುತ್ತವೆ ಎಂಬುದೇ ಅವರ ಪ್ರೌಢ ಬರಹಗಳ ಶೋಧ. ರಾಲ್ಸ್ ಅಥವಾ ಹನ್ನಾ ಅರೆಂಟ್‌ಗೆ ಸಿಕ್ಕಷ್ಟು ಹೆಸರು ಅವರಿಗೆ ಸಿಗಲಿಲ್ಲ. ಬದುಕಿದ್ದಾಗ ಪ್ರಕಟವಾದ ಎಂಟು ಪುಸ್ತಕಗಳಲ್ಲಿ ಯಾವುದೂ ಒಂದು ಸಿದ್ಧಾಂತದ ಮಹಾಸೌಧ ಕಟ್ಟುವುದಿಲ್ಲ. ಆದರೆ ಅಧಿಕಾರವನ್ನು ಕೆಳಗಿನಿಂದ, ಅದಕ್ಕೆ ಹೆದರುವವರ ಕಡೆಯಿಂದ ನೋಡುವುದನ್ನು ಅವರಷ್ಟು ಪಟ್ಟಾಗಿ ಮಾಡಿದವರು ಕಳೆದ ಶತಮಾನದ ರಾಜಕೀಯ ಚಿಂತನೆಯಲ್ಲಿ ಹೆಚ್ಚು ಮಂದಿ ಇಲ್ಲ.

ರೀಗಾದಿಂದ ಮಾಂಟ್ರಿಯಲ್‌ಗೆ

ಶ್ಕ್ಲಾರ್ ಹುಟ್ಟಿದ್ದು 1928ರ ಸೆಪ್ಟೆಂಬರ್ 24ರಂದು, ಲಾಟ್ವಿಯಾದ ರಾಜಧಾನಿ ರೀಗಾದಲ್ಲಿ. ಮದುವೆಗೆ ಮುಂಚಿನ ಹೆಸರು ಜುಡಿತ್ ನಿಸ್ಸೆ; ಆಪ್ತರ ಬಾಯಲ್ಲಿ ಕೊನೆಯವರೆಗೂ ‘ಡೀಟಾ’. ಜರ್ಮನ್ ಮಾತನಾಡುವ, ಅನುಕೂಲಸ್ಥ ಯಹೂದಿ ಕುಟುಂಬ ಅವರದು. ತಂದೆ ವ್ಯಾಪಾರಸ್ಥರು. ತಾಯಿ ಮಕ್ಕಳ ವೈದ್ಯೆ; ನಗರದ ಬಡವರ ಕೇರಿಯಲ್ಲಿ ಚಿಕಿತ್ಸಾಲಯ ನಡೆಸುತ್ತಿದ್ದರು. ಮನೆಯಲ್ಲಿ ಪುಸ್ತಕಗಳಿದ್ದವು, ಮಕ್ಕಳಿಗೆ ಸ್ವಾತಂತ್ರ್ಯವಿತ್ತು. ಹೊರಗೆ ಮಾತ್ರ ಗಾಳಿ ಬೇರೆಯೇ ಇತ್ತು. 1934ರಲ್ಲಿ ಕಾರ್ಲಿಸ್ ಉಲ್ಮಾನಿಸ್ ಸಂಸತ್ತನ್ನು ಮುಚ್ಚಿಸಿ ಸರ್ವಾಧಿಕಾರಿಯಾದ. ಒಂದು ಕಡೆ ಹಿಟ್ಲರನ ಜರ್ಮನಿ, ಇನ್ನೊಂದು ಕಡೆ ಸ್ಟಾಲಿನ್‌ನ ರಷ್ಯಾ, ಸುತ್ತ ಯಹೂದಿಗಳು ಎಲ್ಲಾದರೂ ತೊಲಗಲಿ ಎನ್ನುವ ನೆರೆಹೊರೆ. ರಾಜಕೀಯವೆಂಬುದು ಆ ಮನೆಯ ಮಕ್ಕಳಿಗೆ ದೊಡ್ಡವರ ಹರಟೆಯ ವಿಷಯವಾಗಿ ಉಳಿಯಲಿಲ್ಲ.

1939ರಲ್ಲಿ, ಸೋವಿಯತ್ ಸೇನೆ ಲಾಟ್ವಿಯಾದೊಳಗೆ ಬರುವುದಕ್ಕೆ ತುಸು ಮುಂಚೆ, ಬಂಧುವೊಬ್ಬರು ಇಡೀ ಕುಟುಂಬವನ್ನು ಸ್ವೀಡನ್‌ಗೆ ವಿಮಾನ ಹತ್ತಿಸಿದರು. ಅಲ್ಲಿ ಅವರು ಇರಬೇಕಾದದ್ದಕ್ಕಿಂತ ಹೆಚ್ಚು ದಿನ ಉಳಿದರು. 1940ರ ಏಪ್ರಿಲ್‌ನಲ್ಲಿ ಜರ್ಮನ್ ಸೇನೆ ನಾರ್ವೆಯ ಮೇಲೆ ಬಿದ್ದಾಗ ಪಶ್ಚಿಮದ ದಾರಿ ಮುಚ್ಚಿಹೋಯಿತು. ಉಳಿದದ್ದು ಒಂದೇ ದಾರಿ: ಸೋವಿಯತ್ ನೆಲದ ಉದ್ದಕ್ಕೂ ಸೈಬೀರಿಯಾ ರೈಲು, ಅಲ್ಲಿಂದ ಜಪಾನ್. ಜಪಾನಿನಲ್ಲಿ ಕೆನಡಾದ ವೀಸಾ ಸಿಕ್ಕಿತು. ಪರ್ಲ್ ಹಾರ್ಬರ್ ದಾಳಿಗೆ ಮುಂಚೆ ಹಡಗಿನಲ್ಲಿ ಅಮೆರಿಕದ ಸಿಯಾಟಲ್ ತಲುಪಿದರೆ ಅಲ್ಲಿ ಬಂಧನ. ಏಷ್ಯಾದಿಂದ ಅಕ್ರಮವಾಗಿ ಬಂದವರನ್ನು ಕೂಡಿಡುತ್ತಿದ್ದ ಸೆರೆಮನೆಯಲ್ಲಿ ಕೆಲವು ವಾರ ಕಳೆದು, ಕುಟುಂಬ ಕೊನೆಗೆ ಮಾಂಟ್ರಿಯಲ್ ಸೇರಿತು. ಅವರು ಬಿಟ್ಟುಬಂದ ರೀಗಾವನ್ನು ನಾಜಿಗಳು 1941ರ ಜುಲೈನಲ್ಲಿ ಹಿಡಿದರು. ಅದೇ ವರ್ಷದ ನವೆಂಬರ್ 30 ಮತ್ತು ಡಿಸೆಂಬರ್ 8ರಂದು, ಎರಡೇ ದಿನಗಳಲ್ಲಿ, ನಗರದ ಪಕ್ಕದ ರುಂಬುಲಾ ಕಾಡಿನಲ್ಲಿ ಸುಮಾರು 25,000 ಯಹೂದಿಗಳನ್ನು ಗುಂಡಿಟ್ಟು ಕೊಂದರು.

ಈ ಅನುಭವವನ್ನು ಬಂಡವಾಳ ಮಾಡಿಕೊಂಡು ಶ್ಕ್ಲಾರ್ ಬರೆಯಲಿಲ್ಲ. ತಮ್ಮ ಬದುಕಿನ ಬಗ್ಗೆ ಅವರು ದೀರ್ಘವಾಗಿ ಮಾತನಾಡಿದ್ದು 1989ರಲ್ಲಿ, ಅಮೆರಿಕದ ವಿದ್ವತ್ ಸಂಸ್ಥೆಗಳ ಮಂಡಳಿ ಏರ್ಪಡಿಸಿದ ಉಪನ್ಯಾಸದಲ್ಲಿ. ಆ ಪಲಾಯನ ತಮ್ಮಲ್ಲಿ ಬಿಟ್ಟುಹೋದ ಗುರುತು ಕಡುಹಾಸ್ಯದ ರುಚಿ ಎಂದು ಅಲ್ಲಿ ಹೇಳಿಕೊಂಡರು. ಹಾಗೆಂದು ಅವರ ಓದುಗರು ರೀಗಾವನ್ನು ಪೂರ್ತಿ ಮರೆಯಲಾಗದು. ಪೊಲೀಸರು, ಗಡಿ, ಕಾಗದಪತ್ರ, ದಿಢೀರನೆ ಬಾಗಿಲು ಬಡಿಯುವ ಅಧಿಕಾರಿ ಇವೆಲ್ಲ ಅವರ ಬರಹದಲ್ಲಿ ಅಮೂರ್ತ ಉದಾಹರಣೆಗಳಾಗಿ ಬರುವುದಿಲ್ಲ.

ಮಾಂಟ್ರಿಯಲ್‌ನ ಶಾಲೆ ಅವರಿಗೆ ಒಗ್ಗಲಿಲ್ಲ. 16ನೇ ವಯಸ್ಸಿಗೆ ಮೆಕ್‌ಗಿಲ್ ವಿಶ್ವವಿದ್ಯಾಲಯ ಸೇರಿದಾಗ ಅಲ್ಲಿ ಯಹೂದಿ ವಿದ್ಯಾರ್ಥಿಗಳ ಪ್ರವೇಶಕ್ಕೆ ಉಳಿದವರಿಗಿಂತ ಹೆಚ್ಚು ಅಂಕ ಬೇಕಿತ್ತು. ತತ್ವಶಾಸ್ತ್ರ, ಅರ್ಥಶಾಸ್ತ್ರ ಓದಲು ಹೊರಟವರು ಹಣ ಮತ್ತು ಬ್ಯಾಂಕಿಂಗ್ ಪಾಠದ ಹೊತ್ತಿಗೆ ಅರ್ಥಶಾಸ್ತ್ರಕ್ಕೆ ಕೈಮುಗಿದರು. ಕಡ್ಡಾಯವೆಂದು ಕೂತ ರಾಜಕೀಯ ಚಿಂತನೆಯ ಇತಿಹಾಸದ ತರಗತಿಯಲ್ಲಿ ಫ್ರೆಡರಿಕ್ ವಾಟ್ಕಿನ್ಸ್ ಎಂಬ ಅಧ್ಯಾಪಕರ ಪಾಠ ಕೇಳಿದ ಮೇಲೆ ಮುಂದಿನ ದಾರಿ ಖಚಿತವಾಯಿತು. ಓದುತ್ತಿರುವಾಗಲೇ ಜೆರಾಲ್ಡ್ ಶ್ಕ್ಲಾರ್ ಅವರೊಂದಿಗೆ ಮದುವೆಯಾಯಿತು. ಅವರು ಮುಂದೆ ಹಾರ್ವರ್ಡ್‌ನ ದಂತವೈದ್ಯ ವಿಭಾಗದಲ್ಲಿ ಪ್ರಾಧ್ಯಾಪಕರಾದರು. ದಂಪತಿಗೆ ಮೂವರು ಮಕ್ಕಳು.

ಹಾರ್ವರ್ಡ್‌ನ ಅರ್ಧ ತೆರೆದ ಬಾಗಿಲು

1950ರ ದಶಕದ ಹಾರ್ವರ್ಡ್ ಗಂಡಸರ ಸಂಸ್ಥೆ. ಹೆಣ್ಣುಮಕ್ಕಳು ಪಕ್ಕದ ರ‍್ಯಾಡ್‌ಕ್ಲಿಫ್ ಕಾಲೇಜಿನ ಮೂಲಕ ಓದಬೇಕಿತ್ತು. ಲಮೋಂಟ್ ಗ್ರಂಥಾಲಯಕ್ಕೆ ಹೆಂಗಸರಿಗೆ ಪ್ರವೇಶ ಸಿಕ್ಕಿದ್ದೇ 1967ರಲ್ಲಿ. ಶ್ಕ್ಲಾರ್ ಅಲ್ಲಿ ಕಾರ್ಲ್ ಫ್ರೆಡ್‌ರಿಕ್ ಅವರ ಮಾರ್ಗದರ್ಶನದಲ್ಲಿ 1955ರಲ್ಲಿ ಪಿಎಚ್‌.ಡಿ ಪಡೆದು, ಸರ್ಕಾರ ವಿಭಾಗದಲ್ಲೇ ಕೆಲಸಕ್ಕೆ ಸೇರಿದರು. ಕೆಲವು ವರ್ಷಗಳ ನಂತರ ಕಾಯಂ ಹುದ್ದೆಯ ಪ್ರಶ್ನೆ ಬಂದಾಗ ವಿಭಾಗದವರಿಗೆ ಹೂಂ ಎನ್ನಲೂ ಮನಸ್ಸಿಲ್ಲ, ಉಹೂಂ ಎನ್ನಲೂ ಧೈರ್ಯವಿಲ್ಲ. ಅವರು ತೀರ್ಮಾನ ಮಾಡುವವರೆಗೆ ಕಾಯುತ್ತ ಕೂರುವ ಬದಲು, ಅರ್ಧ ದಿನದ ಕೆಲಸ ಮತ್ತು ಕೆಲಸದ ಭದ್ರತೆ ಇರುವ ಉಪನ್ಯಾಸಕಿ ಹುದ್ದೆಯಾದರೂ ಸಾಕು ಎಂದು ಡೀನ್ ಬಳಿ ಶ್ಕ್ಲಾರ್ ತಾವೇ ಕೇಳಿಕೊಂಡರು. ಎದುರು ಬಂದ ಅವಮಾನದಿಂದ ಬದಿಗೆ ಸರಿದು ಕೆಲಸ ಮುಂದುವರಿಸುವ ಉಪಾಯ ಅದು. ಪೂರ್ಣ ಪ್ರಾಧ್ಯಾಪಕ ಹುದ್ದೆ ಕೈಗೆ ಬಂದದ್ದು 1971ರಲ್ಲಿ. ಆ ವಿಭಾಗದಲ್ಲಿ ಕಾಯಂ ಆದ ಮೊದಲ ಹೆಂಗಸು ಅವರು. 1984ರಲ್ಲಿ ಮೆಕಾರ್ಥರ್ ಫೆಲೋಷಿಪ್ ಬಂತು. 1989–90ರಲ್ಲಿ ಅಮೆರಿಕದ ರಾಜ್ಯಶಾಸ್ತ್ರ ಸಂಘದ ಅಧ್ಯಕ್ಷರಾದರು, ಅಲ್ಲಿಯೂ ಮೊದಲ ಮಹಿಳೆಯಾಗಿ.

ಇಷ್ಟಾದರೂ ಸ್ತ್ರೀವಾದದ ಬಾವುಟ ಹಿಡಿಯಲು ಅವರು ಒಪ್ಪಲಿಲ್ಲ. ಹೆಂಗಸರಿಗೆ ಆಗುವ ತಾರತಮ್ಯ ಅನ್ಯಾಯವೆಂಬುದರಲ್ಲಿ ಅವರಿಗೆ ಅನುಮಾನವಿರಲಿಲ್ಲ. ಆದರೆ ಒಂದು ಚಳವಳಿಗೆ ಸೇರಿ ಅದರ ಒಟ್ಟು ನಂಬಿಕೆಗಳಿಗೆಲ್ಲ ತಲೆಬಾಗುವುದು ಓದುಬರಹದ ವೃತ್ತಿಗೆ ಬಗೆಯುವ ದ್ರೋಹ ಎಂದು ಭಾವಿಸಿದ್ದರು. ತರಗತಿಯಲ್ಲಿ ಅವರು ಕಟ್ಟುನಿಟ್ಟು. ಆ ತರಗತಿಗಳಿಂದ ಬಂದ ಏಮಿ ಗಟ್‌ಮನ್, ನ್ಯಾನ್ಸಿ ರೋಸೆನ್‌ಬ್ಲಮ್ ಮುಂತಾದವರು ಮುಂದಿನ ತಲೆಮಾರಿನ ಪ್ರಮುಖ ರಾಜಕೀಯ ಚಿಂತಕರಾದರು.

ಕನಸು ಬತ್ತಿದ ಕಾಲ, ಕಟಕಟೆಯ ರಾಜಕೀಯ

ಮೊದಲ ಪುಸ್ತಕ ‘ಆಫ್ಟರ್ ಯುಟೋಪಿಯಾ’ ಬಂದದ್ದು 1957ರಲ್ಲಿ. ಮನುಷ್ಯ ತನ್ನ ಬುದ್ಧಿಯಿಂದ ಸಮಾಜವನ್ನು ತಿದ್ದಿ ಮೇಲಕ್ಕೆತ್ತಬಲ್ಲ ಎಂದು 18ನೇ ಶತಮಾನದ ಜ್ಞಾನೋದಯ ನಂಬಿತ್ತು. ಎರಡು ಮಹಾಯುದ್ಧಗಳ ನಂತರ ಆ ನಂಬಿಕೆ ಎಡಪಂಥದಲ್ಲೂ, ಉದಾರವಾದಿಗಳಲ್ಲೂ, ಧಾರ್ಮಿಕ ಚಿಂತಕರಲ್ಲೂ ಹೇಗೆ ಆವಿಯಾಯಿತು ಎಂಬುದರ ಕಥನ ಅದು. ಲೇಖಕಿಗೆ ಆ ಆಶಾವಾದ ಮರಳಿ ಬರುವುದಿಲ್ಲವೆಂದು ಗೊತ್ತು. ಹೋದದ್ದಕ್ಕೆ ಸಂತೋಷವೂ ಇಲ್ಲ.

ಎರಡನೆಯ ಪುಸ್ತಕ ‘ಲೀಗಲಿಸಂ’ (1964) ಹೆಚ್ಚು ಜಗಳಗಂಟಿ. ನಿಯಮ ಪಾಲಿಸುವುದೇ ನೀತಿ, ಸಂಬಂಧಗಳೆಲ್ಲ ನಿಯಮಗಳು ಗೊತ್ತುಮಾಡಿದ ಹಕ್ಕು ಮತ್ತು ಕರ್ತವ್ಯಗಳೇ ಎಂಬ ಮನೋಭಾವಕ್ಕೆ ಶ್ಕ್ಲಾರ್ ಇಟ್ಟ ಹೆಸರು ಅದು. ಕಾನೂನು ರಾಜಕೀಯದಿಂದ ದೂರ ನಿಂತ, ತನ್ನಷ್ಟಕ್ಕೆ ತಾನು ಪೂರ್ಣವಾದ ಲೋಕ ಎಂಬ ವಕೀಲರ ನಂಬಿಕೆಯನ್ನು ಅವರು ಕೆಣಕಿದರು. ಕಾನೂನು ಕೂಡ ಒಂದು ರಾಜಕೀಯ ನಿಲುವು, ಒಳ್ಳೆಯ ರಾಜಕೀಯವೂ ಆಗಬಹುದು. ಅದನ್ನು ಹಾಗೆಂದು ಒಪ್ಪಿಕೊಂಡರೆ ನಷ್ಟವಿಲ್ಲ ಎಂಬುದು ವಾದ. ಅವರು ಇದನ್ನು ಒರೆಗೆ ಹಚ್ಚಿದ್ದು ಯುದ್ಧಾಪರಾಧ ವಿಚಾರಣೆಗಳ ಮೇಲೆ. 1945–46ರ ನ್ಯೂರೆಂಬರ್ಗ್ ವಿಚಾರಣೆಗೆ ಮೊದಲೇ ಬರೆದಿಟ್ಟ ಕಾನೂನಿನ ಆಧಾರ ಗಟ್ಟಿಯಾಗಿರಲಿಲ್ಲ, ಗೆದ್ದವರೇ ಅಲ್ಲಿ ನ್ಯಾಯಾಧೀಶರಾಗಿದ್ದರು. ಆದರೂ ಶ್ಕ್ಲಾರ್ ಅದನ್ನು ಸಮರ್ಥಿಸಿದರು. ಮನುಷ್ಯಕುಲದ ವಿರುದ್ಧದ ಅಪರಾಧಗಳನ್ನು ಸಾಕ್ಷಿಪುರಾವೆ ಸಮೇತ ಬಯಲಿಗಿಟ್ಟದ್ದರಿಂದ ಜರ್ಮನಿಯಲ್ಲಿ ಮಲಗಿದ್ದ ಕಾನೂನಿನ ಪರಂಪರೆಗೆ ಮತ್ತೆ ಜೀವ ಬಂತು, ಅಲ್ಲಿ ಕಾಲೂರಬೇಕಿದ್ದ ಉದಾರ ಪ್ರಜಾಪ್ರಭುತ್ವಕ್ಕೆ ಅದು ನೆರವಾಯಿತು ಎಂಬುದು ಅವರು ಕೊಟ್ಟ ಕಾರಣ. ಟೋಕಿಯೋ ವಿಚಾರಣೆಗೆ ಇದೇ ಮಾತನ್ನು ಅವರು ಅನ್ವಯಿಸಲಿಲ್ಲ. ಯುರೋಪಿನ ಕಾನೂನು ಕಲ್ಪನೆಗಳನ್ನು ಬೇರೆ ಪರಂಪರೆಯ ದೇಶವೊಂದರ ಮೇಲೆ ಹೇರಿದ್ದರಿಂದ ಅಲ್ಲಿ ಅಂಥ ಫಲ ಸಿಗಲಿಲ್ಲ ಎಂದರು. ಟೋಕಿಯೋದ ಹನ್ನೊಂದು ನ್ಯಾಯಾಧೀಶರಲ್ಲಿ ಭಾರತದ ರಾಧಾಬಿನೋದ್ ಪಾಲ್ ಎಲ್ಲ ಆರೋಪಿಗಳನ್ನೂ ಬಿಡುಗಡೆ ಮಾಡಬೇಕೆಂದು ಭಿನ್ನ ತೀರ್ಪು ಬರೆದದ್ದು ಇಲ್ಲಿನ ಓದುಗರಿಗೆ ನೆನಪಿರಬಹುದು.

ಮುಂದಿನ ಎರಡು ಪುಸ್ತಕಗಳು ರೂಸೋ (1969) ಮತ್ತು ಹೆಗೆಲ್ (1976) ಕುರಿತವು. ವಿದ್ವಾಂಸರ ವಲಯದಲ್ಲಿ ಮಾನ್ಯವಾದವು. ಅವರ ಸ್ವಂತ ದನಿ ಪೂರ್ತಿ ಬಿಚ್ಚಿಕೊಂಡದ್ದು ಅದಾದ ಮೇಲೆ.

ದಿನನಿತ್ಯದ ದುರ್ಗುಣಗಳು

1984ರ ‘ಆರ್ಡಿನರಿ ವೈಸಸ್’ ಕ್ರೌರ್ಯ, ಬೂಟಾಟಿಕೆ, ದೊಡ್ಡಸ್ತಿಕೆಯ ಠೇಂಕಾರ, ವಿಶ್ವಾಸದ್ರೋಹ, ಮನುಷ್ಯದ್ವೇಷ ಎಂಬ ಐದು ದುರ್ಗುಣಗಳ ಬಗ್ಗೆ ಬರೆದ ಪ್ರಬಂಧಗಳ ಗುಚ್ಛ. ತತ್ವಶಾಸ್ತ್ರದ ವಾದಗಳಿಗಿಂತ ಹೆಚ್ಚಾಗಿ ಅಲ್ಲಿ ಸಿಗುವುದು ಮೋಲಿಯೇರ್, ಶೇಕ್ಸ್‌ಪಿಯರ್, ಡಿಕನ್ಸ್, ಹಾಥಾರ್ನ್ ಅವರ ಪಾತ್ರಗಳು. ದುರ್ಗುಣದ ಬಗ್ಗೆ ನಿಜ ಹೇಳಬಲ್ಲವರು ಕಥೆಗಾರರು ಎಂಬ ಭರವಸೆ ಶ್ಕ್ಲಾರ್‌ಗೆ.

ಕ್ರೈಸ್ತ ಪರಂಪರೆ ಏಳು ಮಹಾಪಾಪಗಳನ್ನು ಹೆಸರಿಸುತ್ತದೆ. ಗರ್ವ, ಕಾಮ, ಹೊಟ್ಟೆಬಾಕತನ, ಸೋಮಾರಿತನ ಎಲ್ಲ ಆ ಪಟ್ಟಿಯಲ್ಲಿವೆ, ಕ್ರೌರ್ಯ ಇಲ್ಲ. ಪಾಪವೆಂದರೆ ದೇವರ ಆಜ್ಞೆ ಮೀರುವುದು. ಕ್ರೌರ್ಯವಾದರೋ ಇನ್ನೊಂದು ಜೀವಕ್ಕೆ ಮಾಡುವ ಹಿಂಸೆ. ಅದನ್ನು ಎಲ್ಲಕ್ಕಿಂತ ಕೆಟ್ಟದ್ದೆಂದು ಮೊದಲಿಗೆ ಇಟ್ಟ ಕ್ಷಣದಲ್ಲಿ ತೀರ್ಪಿನ ಪೀಠ ಆಕಾಶದಿಂದ ಭೂಮಿಗೆ ಇಳಿಯುತ್ತದೆ. ಇದನ್ನು ಮಾಡಿದವನು 16ನೇ ಶತಮಾನದ ಫ್ರಾನ್ಸಿನ ಪ್ರಬಂಧಕಾರ ಮೊಂತೇನ್ ಎಂಬುದು ಶ್ಕ್ಲಾರ್ ಓದು. ತನ್ನ ದೇಶದಲ್ಲಿ ಕ್ಯಾಥೊಲಿಕರೂ ಪ್ರಾಟೆಸ್ಟೆಂಟರೂ ದೇವರ ಹೆಸರಿನಲ್ಲಿ ಒಬ್ಬರನ್ನೊಬ್ಬರು ಕೊಲ್ಲುವುದನ್ನು ಆತ ಕಂಡಿದ್ದ. ಅಮೆರಿಕ ಖಂಡದಲ್ಲಿ ಸ್ಪೇನಿನ ದಂಡು ಸ್ಥಳೀಯರಿಗೆ ಮಾಡಿದ ಚಿತ್ರಹಿಂಸೆಯ ವರದಿಗಳನ್ನು ಓದಿದ್ದ. ಜನ ಪ್ರೀತಿಸುವುದಕ್ಕಿಂತ ಹೆದರುವುದು ದೊರೆಗೆ ಕ್ಷೇಮ ಎಂಬ ಮೆಕಿಯವೆಲ್ಲಿಯ ಬುದ್ಧಿವಾದ ಯುರೋಪಿನಲ್ಲಿ ಹಬ್ಬಿದ್ದ ಕಾಲ ಅದು. ಮೊಂತೇನ್ ಅದಕ್ಕೆ ಬೆನ್ನು ತಿರುಗಿಸಿದ. 18ನೇ ಶತಮಾನದಲ್ಲಿ ಮಾಂಟೆಸ್ಕ್ಯೂ ಈ ನೈತಿಕ ಅಸಹ್ಯಕ್ಕೆ ರಾಜಕೀಯ ರೂಪ ಕೊಟ್ಟು, ನಿರಂಕುಶ ಆಡಳಿತ ನಿಲ್ಲುವುದೇ ಭಯದ ಮೇಲೆ, ಅದನ್ನು ತಡೆಯಲು ಅಧಿಕಾರವನ್ನು ಒಡೆದು ಹಂಚಬೇಕು ಎಂದ.

ಕ್ರೌರ್ಯವನ್ನು ದ್ವೇಷಿಸುವುದರಲ್ಲೂ ಅಪಾಯಗಳಿವೆ ಎಂಬುದನ್ನು ಶ್ಕ್ಲಾರ್ ಮುಚ್ಚಿಡುವುದಿಲ್ಲ. ಎಲ್ಲೆಡೆ ಕ್ರೌರ್ಯವನ್ನೇ ಕಾಣುವ ಕಣ್ಣು ಕೊನೆಗೆ ಮನುಷ್ಯರನ್ನೇ ಹೇಸಬಹುದು. ನೊಂದವರನ್ನೆಲ್ಲ ಪುಣ್ಯಾತ್ಮರೆಂದು ಎತ್ತರದ ಪೀಠದಲ್ಲಿ ಕೂರಿಸಲೂಬಹುದು. ಇವತ್ತಿನ ಬಲಿಪಶು ಅವಕಾಶ ಸಿಕ್ಕರೆ ನಾಳೆ ಬೇಟೆಗಾರನಾಗಬಲ್ಲ ಎಂಬುದು ಆಗ ಮರೆತೇ ಹೋಗುತ್ತದೆ.

ಬೂಟಾಟಿಕೆಯ ಅಧ್ಯಾಯ ಇಡೀ ಪುಸ್ತಕದಲ್ಲೇ ಚುರುಕಾದದ್ದು. ಪ್ರಜಾಪ್ರಭುತ್ವದಲ್ಲಿ ಎದುರಾಳಿಯನ್ನು ಕೆಡವುವ ಸುಲಭದ ಹಾದಿಯೆಂದರೆ ಅವನು ಹೇಳುವುದೊಂದು ಮಾಡುವುದೊಂದು ಎಂದು ತೋರಿಸುವುದು. ಅವನು ತಿರುಗಿ ಇದೇ ಮಾತನ್ನು ಇವನಿಗೆ ಹೇಳುತ್ತಾನೆ. ಮುಖವಾಡ ಕೀಳುವ ಈ ಪಂದ್ಯಕ್ಕೆ ಕೊನೆಯಿಲ್ಲ, ಅದರಿಂದ ಯಾರೂ ಪ್ರಾಮಾಣಿಕರಾಗುವುದೂ ಇಲ್ಲ. ಮನಸ್ಸಿನಲ್ಲಿ ತಾತ್ಸಾರವಿದ್ದರೂ ಎಲ್ಲರನ್ನೂ ಸಮಾನರಂತೆ ನಡೆಸಿಕೊಳ್ಳುವ ಶಿಷ್ಟಾಚಾರ ಒಂದು ಬಗೆಯ ನಟನೆಯೇ. ಆದರೆ ಮನಸ್ಸಿನಲ್ಲಿದ್ದದ್ದನ್ನು ಬಿಚ್ಚಿ ಉಗುಳುವ ‘ಪ್ರಾಮಾಣಿಕ’ ಕ್ರೌರ್ಯಕ್ಕಿಂತ ಆ ನಟನೆ ಎಷ್ಟೋ ವಾಸಿ. ಅಮೆರಿಕದ ಸ್ಥಾಪಕರಲ್ಲೊಬ್ಬನಾದ ಬೆಂಜಮಿನ್ ಫ್ರಾಂಕ್ಲಿನ್, ತನ್ನ ಜಾಣ್ಮೆಯನ್ನು ಅಡಗಿಸಿ ಹತ್ತಾರು ಜನರೊಂದಿಗೆ ಹೊಂದಿಕೊಂಡು ಸಾರ್ವಜನಿಕ ಕೆಲಸ ಮಾಡಿಸುತ್ತಿದ್ದವನು, ಇಂಥ ಉಪಯುಕ್ತ ನಟನೆಗೆ ಅವರು ಕೊಡುವ ಮಾದರಿ. ಬೂಟಾಟಿಕೆಯನ್ನು ದುರ್ಗುಣಗಳಲ್ಲಿ ಹಿರಿಯದೆಂದು ಭಾವಿಸುವವರು ಕ್ರೌರ್ಯವನ್ನು ಹಗುರವಾಗಿ ಕಾಣುತ್ತಾರೆ ಎಂಬ ಅವರ ಗಮನಿಕೆಗೆ ಉದಾಹರಣೆ ಹುಡುಕಲು ಇವತ್ತು ಯಾವ ದೇಶದಲ್ಲೂ ದೂರ ಹೋಗಬೇಕಿಲ್ಲ.

ಭಯದ ಉದಾರವಾದ

1989ರಲ್ಲಿ ಎರಡು ಪ್ರಬಂಧಗಳು ಅಮೆರಿಕದಲ್ಲಿ ಪ್ರಕಟವಾದವು. ಫ್ರಾನ್ಸಿಸ್ ಫುಕುಯಾಮಾ ಇತಿಹಾಸದ ಅಂತ್ಯವನ್ನು ಕುರಿತು ಬರೆದು ಲೋಕವಿಖ್ಯಾತರಾದರು: ಉದಾರ ಪ್ರಜಾಪ್ರಭುತ್ವಕ್ಕೆ ಇನ್ನು ಸೈದ್ಧಾಂತಿಕ ಎದುರಾಳಿ ಉಳಿದಿಲ್ಲ ಎಂಬುದು ಅವರ ನಿಲುವು. ಅದೇ ವರ್ಷ ರೋಸೆನ್‌ಬ್ಲಮ್ ಸಂಪಾದಿಸಿದ ಸಂಕಲನವೊಂದರಲ್ಲಿ ಶ್ಕ್ಲಾರ್ ಅವರ ‘ದ ಲಿಬರಲಿಸಂ ಆಫ್ ಫಿಯರ್’ ಬಂತು. ಅದಕ್ಕೆ ಆ ಬಗೆಯ ಸಡಗರ ಸಿಗಲಿಲ್ಲ. ಮೂರು ದಶಕ ಕಳೆದ ಮೇಲೆ ನೋಡಿದರೆ ಹೆಚ್ಚು ಗಟ್ಟಿಯಾಗಿ ಉಳಿದದ್ದು ಎರಡನೆಯದೇ.

ಉದಾರವಾದಕ್ಕೆ ಅಲ್ಲಿ ಶ್ಕ್ಲಾರ್ ಕೊಡುವ ಗುರಿ ಒಂದೇ. ಪ್ರತಿಯೊಬ್ಬ ವಯಸ್ಕ ವ್ಯಕ್ತಿಯೂ, ಇತರರಿಗೂ ಅಷ್ಟೇ ಸ್ವಾತಂತ್ರ್ಯ ಉಳಿಯುವಂತೆ, ತನ್ನ ಬದುಕಿನ ವಿಷಯಗಳನ್ನು ಯಾರ ಭಯಕ್ಕೂ ಯಾರ ಹಂಗಿಗೂ ಸಿಲುಕದೆ ತೀರ್ಮಾನಿಸುವಂತಿರಬೇಕು. ಜಾನ್ ಲಾಕ್‌ನಂತೆ ಅವರು ದೇವದತ್ತ ಅಥವಾ ನಿಸರ್ಗದತ್ತ ಹಕ್ಕುಗಳಿಂದ ಶುರುಮಾಡುವುದಿಲ್ಲ. ಜಾನ್ ಸ್ಟುವರ್ಟ್ ಮಿಲ್‌ನಂತೆ ವ್ಯಕ್ತಿತ್ವದ ವಿಕಾಸದಿಂದಲೂ ಶುರುಮಾಡುವುದಿಲ್ಲ. ಅವೆರಡೂ ಯಾವುದೋ ಪರಮ ಹಿತವನ್ನು ಮುಂದಿಟ್ಟು ನಡೆಯುತ್ತವೆ. ಪರಮ ಹಿತ ಯಾವುದೆಂಬುದರಲ್ಲಿ ಮನುಷ್ಯರು ಎಂದಿಗೂ ಒಮ್ಮತಕ್ಕೆ ಬರಲಾರರು. ಪರಮ ಕೆಡುಕು ಯಾವುದೆಂಬುದರಲ್ಲಿ ಬರಬಲ್ಲರು, ಏಕೆಂದರೆ ಸಂಸ್ಕೃತಿ ಯಾವುದಾದರೂ ಚಿತ್ರಹಿಂಸೆಯ ಭಯ ಎಲ್ಲ ದೇಹಗಳಿಗೂ ಗೊತ್ತು. ಅಮೆರಿಕದ ಲೇಖಕ ಎಮರ್ಸನ್ ಮಾಡಿದ್ದ ವಿಂಗಡಣೆಯೊಂದನ್ನು ಎತ್ತಿಕೊಂಡು, ತಮ್ಮದು ಭರವಸೆಯ ಪಕ್ಷವಲ್ಲ, ನೆನಪಿನ ಪಕ್ಷ ಎಂದು ಅವರು ಹೇಳುತ್ತಾರೆ. 1914ರ ನಂತರದ ಯುರೋಪ್ ಏನು ಮಾಡಿತು ಎಂಬುದರ ನೆನಪು ಅದು.

ಎಲ್ಲ ಭಯವೂ ಕೆಟ್ಟದ್ದಲ್ಲ. ಬೆಂಕಿಯ ಭಯ ಜೀವ ಉಳಿಸುತ್ತದೆ. ಶ್ಕ್ಲಾರ್ ಬೊಟ್ಟು ಮಾಡುವುದು ಅಧಿಕಾರಸ್ಥರ ಸ್ವೇಚ್ಛೆಯಿಂದ ಹುಟ್ಟುವ ಭಯದ ಕಡೆಗೆ: ಯಾವ ಮುನ್ಸೂಚನೆ, ಅಗತ್ಯ, ಕಾನೂನಿನ ಅನುಮತಿಯೂ ಇಲ್ಲದೆ ಪೊಲೀಸರೋ ಸೈನಿಕರೋ ಅವರ ಬೆಂಬಲದ ಖಾಸಗಿ ದಂಡುಗಳೋ ಮನುಷ್ಯರ ಮೇಲೆ ಕೈಮಾಡಬಹುದೆಂಬ ಭಯ. ಅದು ಹಬ್ಬಿದಲ್ಲಿ ಸ್ವಾತಂತ್ರ್ಯದ ಉಳಿದ ಮಾತೆಲ್ಲ ವ್ಯರ್ಥ. ಆದ್ದರಿಂದ ಕಾನೂನಿನ ಆಳ್ವಿಕೆ, ಅಧಿಕಾರದ ಹಂಚಿಕೆ, ಸ್ವತಂತ್ರ ನ್ಯಾಯಾಲಯ, ಸ್ವಯಂಪ್ರೇರಿತ ಸಂಘಸಂಸ್ಥೆಗಳು ಇವೆಲ್ಲ ಅವರ ದೃಷ್ಟಿಯಲ್ಲಿ ಆದರ್ಶದ ಅಲಂಕಾರಗಳಲ್ಲ, ಏಟು ತಡೆಯುವ ಗುರಾಣಿಗಳು. ಖಾಸಗಿ ಆಸ್ತಿ ಬೇಕೆನ್ನುವುದೂ ಇದೇ ಕಾರಣಕ್ಕೆ. ಅದು ಸಮಾಜದಲ್ಲಿ ಬಲವನ್ನು ಹಲವು ಕೈಗಳಿಗೆ ಹಂಚುತ್ತದೆ. ತಮ್ಮ ದೇಶದ ಬಗ್ಗೆಯೂ ಅವರಿಗೆ ಭ್ರಮೆಯಿರಲಿಲ್ಲ. ಗುಲಾಮಗಿರಿ ಇದ್ದಷ್ಟು ಕಾಲ ಅಮೆರಿಕ ಉದಾರ ರಾಜ್ಯವೇ ಆಗಿರಲಿಲ್ಲ, ಅಂತರ್ಯುದ್ಧ ಮುಗಿದ ಮೇಲೂ ಬಹುಕಾಲ ಹೆಸರಿಗಷ್ಟೇ ಹಾಗಿತ್ತು ಎಂದು ನೇರವಾಗಿಯೇ ಬರೆದರು.

ಈ ಚಿಂತನೆ ಭಾರತದ ಹಳ್ಳಿಗೂ ಒಂದು ಕಡೆ ಮುಖಾಮುಖಿಯಾಗುತ್ತದೆ. ಶ್ಕ್ಲಾರ್ ಅವರ ಗೆಳೆಯ ಮೈಕೆಲ್ ವಾಲ್ಜರ್ 1983ರ ‘ಸ್ಫಿಯರ್ಸ್ ಆಫ್ ಜಸ್ಟಿಸ್’ ಪುಸ್ತಕದಲ್ಲಿ, ಒಂದು ಸಮಾಜ ತನ್ನ ಸದಸ್ಯರು ಹಂಚಿಕೊಂಡ ಅರ್ಥಗಳಿಗೆ ತಕ್ಕಂತೆ ಬದುಕುತ್ತಿದ್ದರೆ ಅದು ನ್ಯಾಯಯುತ ಎಂದು ವಾದಿಸಿದ್ದರು. ಕಣದಲ್ಲಿ ರಾಶಿ ಹಂಚುವಾಗ ಜಾತಿಗನುಗುಣವಾಗಿ ಒಬ್ಬೊಬ್ಬರಿಗೆ ಒಂದೊಂದು ಪಾಲು ಕೊಡುವ ಭಾರತದ ಹಳ್ಳಿಯ ಚಿತ್ರವೂ ಅಲ್ಲಿ ಬರುತ್ತದೆ. ಇಂಥ ವಾದಗಳಿಗೆ ಶ್ಕ್ಲಾರ್ ಕೊಟ್ಟ ಉತ್ತರ ನೇರವಾದದ್ದು. ಹಂಚಿಕೊಂಡ ಅರ್ಥವೆಂದು ಹೇಳುವವರು ಯಾರು? ಪರಂಪರೆಯ ಪರವಾಗಿ ಮಾತನಾಡುವವರು ಸಾಮಾನ್ಯವಾಗಿ ಅದರಿಂದ ಲಾಭ ಪಡೆದವರು. ತೀರಾ ಕೆಳಗಿನವರನ್ನು ಕೇಳಬೇಕು, ಅದೂ ನಿರ್ಭಯವಾಗಿ ಮಾತನಾಡಬಹುದಾದ ಸ್ಥಿತಿಯಲ್ಲಿ, ಬೇರೆ ಬದುಕಿನ ಆಯ್ಕೆ ಕೈಗೆಟುಕುವಂತಿರುವಾಗ. ಅಲ್ಲಿಯವರೆಗೆ ಅವರು ಸಂಕೋಲೆಯನ್ನು ಇಷ್ಟಪಟ್ಟು ತೊಟ್ಟಿದ್ದಾರೆಂದು ಹೇಳಲು ಯಾರಿಗೂ ಆಧಾರವಿಲ್ಲ. 12ನೇ ಶತಮಾನದ ಕಲ್ಯಾಣದ ಶರಣರನ್ನೋ, 1927ರಲ್ಲಿ ಮಹಾಡ್‌ನ ಕೆರೆಗೆ ಅಂಬೇಡ್ಕರ್ ಹಿಂದೆ ಇಳಿದವರನ್ನೋ ಶ್ಕ್ಲಾರ್ ಉಲ್ಲೇಖಿಸಿಲ್ಲ. ಉಲ್ಲೇಖಿಸಿದ್ದರೆ ಅವರ ವಾದಕ್ಕೆ ಅದಕ್ಕಿಂತ ಒಳ್ಳೆಯ ಸಾಕ್ಷಿ ಸಿಗುತ್ತಿರಲಿಲ್ಲ.

ದುರದೃಷ್ಟವೋ ಅನ್ಯಾಯವೋ

1990ರ ‘ದ ಫೇಸಸ್ ಆಫ್ ಇನ್‌ಜಸ್ಟಿಸ್’ ಗಾತ್ರದಲ್ಲಿ ಚಿಕ್ಕದು, ಶ್ಕ್ಲಾರ್ ಬರೆದದ್ದರಲ್ಲೆಲ್ಲ ಬಹುಶಃ ಅತ್ಯುತ್ತಮ. ತತ್ವಶಾಸ್ತ್ರಜ್ಞರು ನ್ಯಾಯದ ಬಗ್ಗೆ ಸಾವಿರಾರು ಪುಟ ಬರೆದಿದ್ದಾರೆ; ನ್ಯಾಯವಿಲ್ಲದಿರುವುದೇ ಅನ್ಯಾಯ ಎಂದು ಒಂದು ಸಾಲಿನಲ್ಲಿ ಅದನ್ನು ಮುಗಿಸಿದ್ದಾರೆ. ಕತ್ತಲೆಂದರೆ ಬೆಳಕಿಲ್ಲದಿರುವುದು ಎಂಬಂತೆ. ಆದರೆ ಜನರ ಅನುಭವ ಹಾಗಿಲ್ಲ. ನ್ಯಾಯ ಎಂದರೇನೆಂದು ಹೇಳಲಾರದವರಿಗೂ ತಮಗಾದ ಅನ್ಯಾಯ ಚೆನ್ನಾಗಿ ಗೊತ್ತಿರುತ್ತದೆ. ಶ್ಕ್ಲಾರ್ ಇದಕ್ಕೆ ಇಟಲಿಯ ಪಾದುವಾ ನಗರದ ಸ್ಕ್ರೊವೆನ್ಯಿ ಪ್ರಾರ್ಥನಾ ಮಂದಿರದ ಗೋಡೆಯನ್ನು ತೋರಿಸುತ್ತಾರೆ. ಸುಮಾರು 1305ರಲ್ಲಿ ಚಿತ್ರಕಾರ ಜೊತ್ತೊ ಅಲ್ಲಿ ನ್ಯಾಯ ಮತ್ತು ಅನ್ಯಾಯದ ಚಿತ್ರಗಳನ್ನು ಎದುರುಬದುರಾಗಿ ಬರೆದ. ನ್ಯಾಯದೇವತೆಯ ಮುಖದಲ್ಲಿ ಯಾವ ಭಾವವೂ ಇಲ್ಲ. ಅನ್ಯಾಯವಾದರೋ ಪಾಳುಬಿದ್ದ ಕೋಟೆಬಾಗಿಲಲ್ಲಿ ಕೂತ ಒಬ್ಬ ಒಡೆಯ: ಉಗುರು ಬಾಗಿದ ಕೈಗಳು, ಪಕ್ಕಕ್ಕೆ ತಿರುಗಿದ ಮುಖ. ಅವನ ಕಾಲಬುಡದಲ್ಲೇ ದರೋಡೆ, ಅತ್ಯಾಚಾರ ನಡೆಯುತ್ತಿವೆ. ಅವನು ನೋಡುತ್ತಿರುವುದು ಬೇರೆ ಕಡೆ.

ಹೀಗೆ ಬೇರೆ ಕಡೆ ನೋಡುವುದೇ ಪುಸ್ತಕದ ಮುಖ್ಯ ವಿಷಯ. ಪ್ರಾಚೀನ ರೋಮಿನ ಚಿಂತಕ ಸಿಸೆರೋನಿಂದ ಎಳೆ ತೆಗೆದುಕೊಂಡು ಶ್ಕ್ಲಾರ್ ಇದನ್ನು ‘ಸುಮ್ಮನಿರುವ ಅನ್ಯಾಯ’ ಎಂದು ಗುರುತಿಸುತ್ತಾರೆ. ತಡೆಯಬಹುದಾದ ಹಾನಿಯನ್ನು ಕಂಡೂ ತಡೆಯದ ಅಧಿಕಾರಿ, ದೂರು ಕೊಡಬೇಕಾದಾಗ ಬಾಯಿಮುಚ್ಚಿಕೊಂಡ ನಾಗರಿಕ, ಮೋಸವಾಗುತ್ತಿರುವುದು ಗೊತ್ತಿದ್ದೂ ನಮಗೇಕೆ ಎಂದ ನೆರೆಯವನು, ಇವರೆಲ್ಲ ಅದರ ಪಾಲುದಾರರು. ಇದು ದಯೆ ತೋರಲಿಲ್ಲವೆಂಬ ದೂರಲ್ಲ. ಪ್ರಜಾಪ್ರಭುತ್ವದ ಪೌರನ ಕೆಲಸವನ್ನೇ ಮಾಡಲಿಲ್ಲವೆಂಬ ದೂರು. ಸರ್ವಾಧಿಕಾರದ ಕೆಳಗೆ ಬಾಯಿಬಿಟ್ಟರೆ ಜೀವಕ್ಕೆ ಸಂಚಕಾರ ಇರುವವರ ಮೇಲೆ ಅವರು ಈ ಹೊಣೆ ಹೊರಿಸುವುದಿಲ್ಲ.

ಸುಮ್ಮನಿರಲು ಸಿಗುವ ದೊಡ್ಡ ನೆಪವೆಂದರೆ ಹಣೆಬರಹ. ಆದದ್ದು ದುರದೃಷ್ಟ ಎಂದುಬಿಟ್ಟರೆ ಯಾರೂ ಉತ್ತರ ಕೊಡಬೇಕಿಲ್ಲ. ಅನ್ಯಾಯ ಎಂದರೆ ಯಾರೋ ಉತ್ತರ ಕೊಡಬೇಕು. ಇವೆರಡರ ನಡುವಿನ ಗೆರೆಯನ್ನು ಪ್ರಕೃತಿ ಎಳೆದಿಟ್ಟಿಲ್ಲ, ಅದನ್ನು ಎಳೆಯುವುದು ರಾಜಕೀಯ ತೀರ್ಮಾನ ಎಂಬುದು ಶ್ಕ್ಲಾರ್ ಮಂಡನೆಯ ಹೃದಯಭಾಗ. 1755ರ ನವೆಂಬರ್ 1ರಂದು ಲಿಸ್ಬನ್ ನಗರವನ್ನು ನೆಲಕ್ಕುರುಳಿಸಿದ ಭೂಕಂಪದ ಬಗ್ಗೆ ವಾಲ್ಟೇರ್ ದೇವರ ನ್ಯಾಯವನ್ನು ಪ್ರಶ್ನಿಸಿ ಕವಿತೆ ಬರೆದ. ರೂಸೋ ಅವನಿಗೆ ಬರೆದ ಪತ್ರದಲ್ಲಿ ಬೇರೆ ಮಾತು ಎತ್ತಿದ: ಆರೇಳು ಅಂತಸ್ತಿನ ಮನೆಗಳನ್ನು ಒತ್ತೊತ್ತಾಗಿ ಕಟ್ಟಿದ್ದು ಪ್ರಕೃತಿಯಲ್ಲ. ಭೂಮಿ ನಡುಗಿದ್ದು ದುರದೃಷ್ಟ. ಯಾವ ಮನೆ ಕುಸಿಯಿತು, ಯಾರ ಮೇಲೆ ಕುಸಿಯಿತು, ನೆರವು ಯಾರಿಗೆ ತಡವಾಗಿ ತಲುಪಿತು ಎಂಬುದು ಮನುಷ್ಯರ ಲೆಕ್ಕ. ಈ ಗೆರೆ ಕಾಲಕಾಲಕ್ಕೆ ಜರುಗಿದೆ ಕೂಡ. ಹೆಣ್ಣಾಗಿ ಹುಟ್ಟಿದ್ದು, ಕಪ್ಪು ಬಣ್ಣದಲ್ಲಿ ಹುಟ್ಟಿದ್ದು ಒಂದು ಕಾಲಕ್ಕೆ ಬರೀ ದುರದೃಷ್ಟವಾಗಿತ್ತು.

ಗೆರೆ ಎಲ್ಲಿದೆಯೆಂದು ಹೇಳುವಾಗ ಯಾರ ಮಾತಿಗೆ ತೂಕ? ನೊಂದವರ ಮಾತನ್ನು ಮೊದಲು ಕೇಳಿ ಎನ್ನುತ್ತಾರೆ ಶ್ಕ್ಲಾರ್. ಅವರು ಹೇಳಿದ್ದೆಲ್ಲ ನಿಜವೆಂದು ಒಪ್ಪಬೇಕೆಂದಲ್ಲ. ನೊಂದವರು ತಪ್ಪು ತಿಳಿದಿರಬಹುದು, ಸಂಬಂಧವಿಲ್ಲದವರನ್ನು ದೂರಬಹುದು, ತಮ್ಮನ್ನೇ ಹಳಿದುಕೊಂಡಿರಲೂಬಹುದು. ಆದರೂ ಅವರನ್ನು ಕೇಳದೆ ಮಾಡಿದ ತೀರ್ಮಾನ ನಿಯಮಬದ್ಧವಾಗಿದ್ದರೂ ಅರೆಬರೆಯೇ. ರಾಲ್ಸ್ ಜೊತೆ ಸ್ನೇಹವಿದ್ದೂ ಶ್ಕ್ಲಾರ್ ಬೇರೆ ದಾರಿ ಹಿಡಿದದ್ದು ಇಲ್ಲಿ. 1971ರ ‘ಎ ಥಿಯರಿ ಆಫ್ ಜಸ್ಟಿಸ್’ ನ್ಯಾಯದ ತತ್ವಗಳನ್ನು ಕಟ್ಟಲು ಮನುಷ್ಯರು ತಾವು ಯಾರೆಂಬುದನ್ನು ಮರೆತು ಯೋಚಿಸಬೇಕೆಂದು ಕೇಳುತ್ತದೆ. ಶ್ಕ್ಲಾರ್ ಪುಸ್ತಕದಲ್ಲಿ ದೂರು ಹೊತ್ತು ಬರುವವರು ಯಾರು, ಎಲ್ಲಿಂದ ಬಂದವರು ಎಂಬುದೇ ಮುಖ್ಯ ಸಂಗತಿ.

ಮತ, ದುಡಿಮೆ, ಮರ್ಯಾದೆ

1991ರ ‘ಅಮೆರಿಕನ್ ಸಿಟಿಜನ್‌ಶಿಪ್’ ಅಮೆರಿಕನ್ನರಿಗೆ ಮತದಾನ ಮತ್ತು ದುಡಿಮೆ ಏಕೆ ಅಷ್ಟು ಮುಖ್ಯವೆಂದು ಕೇಳುತ್ತದೆ. ಉತ್ತರ ಗುಲಾಮಗಿರಿಯಲ್ಲಿದೆ. ಮತವಿಲ್ಲದ, ಕೂಲಿಯಿಲ್ಲದೆ ದುಡಿಯುವ ಗುಲಾಮ ಕಣ್ಣೆದುರಿಗೆ ಇದ್ದುದರಿಂದ, ಮತ ಚಲಾಯಿಸುವುದು ಮತ್ತು ಸ್ವಂತ ದುಡಿಮೆಯಿಂದ ಸಂಪಾದಿಸುವುದು ತಾನು ಗುಲಾಮನಲ್ಲ ಎಂಬುದರ ಗುರುತಾಯಿತು. ಮತದ ಹಕ್ಕಿಗಾಗಿ ಜನ ಪ್ರಾಣ ಕೊಟ್ಟು ಹೋರಾಡಿ, ಸಿಕ್ಕ ಮೇಲೆ ಮತಗಟ್ಟೆಗೆ ಹೋಗಲು ಉದಾಸೀನ ತೋರಿಸುವ ಒಗಟಿಗೆ ಇದು ವಿವರಣೆ: ಅವರಿಗೆ ಬೇಕಾಗಿದ್ದು ಮೊದಲು ಸಮಾಜದಲ್ಲಿ ಮರ್ಯಾದೆಯ ಸ್ಥಾನ. ಕೆಲಸ ಕಳೆದುಕೊಂಡವನು ಸಂಬಳಕ್ಕಿಂತ ಹೆಚ್ಚಿನದನ್ನು ಕಳೆದುಕೊಳ್ಳುವುದೂ ಇದರಿಂದಲೇ. ಆದ್ದರಿಂದ ದುಡಿಯುವ ಅವಕಾಶವನ್ನು ಪೌರತ್ವದ ಭಾಗವೆಂದೇ ಸರ್ಕಾರ ನೋಡಬೇಕೆಂದು ಶ್ಕ್ಲಾರ್ ವಾದಿಸಿದರು. ರಾಜ್ಯಕ್ಕೆ ಹೆದರುವ ಚಿಂತಕಿಯೊಬ್ಬರು ರಾಜ್ಯದಿಂದ ಇಷ್ಟು ಕೇಳುವುದು ಮೊದಲ ನೋಟಕ್ಕೆ ವಿಚಿತ್ರ ಅನ್ನಿಸಬಹುದು. ಹೊಟ್ಟೆಪಾಡಿಗಾಗಿ ಇನ್ನೊಬ್ಬರ ಹಂಗಿನಲ್ಲಿ ಬಿದ್ದವನಿಗೂ ಭಯ ಇರುತ್ತದೆ ಎಂಬುದನ್ನು ನೆನೆದರೆ ವಿರೋಧಾಭಾಸ ಕರಗುತ್ತದೆ.

ಕೊನೆಯ ವರ್ಷಗಳಲ್ಲಿ ಅವರು ರಾಜಕೀಯ ಬಾಧ್ಯತೆ, ನಿಷ್ಠೆ ಮತ್ತು ದೇಶಭ್ರಷ್ಟತೆಯ ಬಗ್ಗೆ ಕೆಲಸ ಮಾಡುತ್ತಿದ್ದರು. ದೇಶವೇ ತನ್ನ ಪೌರನಿಗೆ ಮೋಸ ಮಾಡಿದರೆ ಅವನು ಅದಕ್ಕೆ ಏನು ಸಲ್ಲಿಸಬೇಕು? ಅವರು ಎತ್ತಿಕೊಂಡ ಉದಾಹರಣೆಗಳಲ್ಲಿ ಒಂದು ಅಮೆರಿಕದ್ದೇ. 1942ರಲ್ಲಿ ಸುಮಾರು 1.2 ಲಕ್ಷ ಜಪಾನಿ ಮೂಲದವರನ್ನು ಸರ್ಕಾರ ಶಿಬಿರಗಳಲ್ಲಿ ಕೂಡಿಹಾಕಿತು. ಅವರಲ್ಲಿ ಹೆಚ್ಚಿನವರು ಅಮೆರಿಕದಲ್ಲೇ ಹುಟ್ಟಿದ ಪೌರರು. ಕೆಲವು ಯುವಕರು ಅದೇ ದೇಶದ ಸೇನೆಗೆ ಸೇರಿ ಹೋರಾಡಿದರು, ಕೆಲವರು ಸೇರಲು ನಿರಾಕರಿಸಿದರು. ಕಾನೂನಿನ ಬಾಧ್ಯತೆ ಮುರಿದುಬಿದ್ದ ಮೇಲೂ ನಿಷ್ಠೆ ಉಳಿಯಬಹುದು, ಅವೆರಡರ ಬೇರು ಬೇರೆ ಎಂಬುದನ್ನು ಶ್ಕ್ಲಾರ್ ಇಂಥ ಪ್ರಕರಣಗಳಿಂದ ಬಿಡಿಸಿ ನೋಡಿದರು. ಆ ಕೆಲಸ ಪುಸ್ತಕವಾಗುವ ಮುನ್ನ, 1992ರ ಸೆಪ್ಟೆಂಬರ್ 17ರಂದು, 63ನೇ ವಯಸ್ಸಿನಲ್ಲಿ ಹೃದಯಾಘಾತದಿಂದ ತೀರಿಕೊಂಡರು.

ಅವರ ಚಿಂತನೆ ಬಿಡಿಬಿಡಿಯಾಗಿ ಹರಡಿತು. ಕ್ರೌರ್ಯವೇ ನಾವು ಮಾಡುವ ಅತಿ ಕೆಟ್ಟ ಕೆಲಸವೆಂದು ನಂಬುವವರೇ ಉದಾರವಾದಿಗಳು ಎಂಬ ವ್ಯಾಖ್ಯೆಯನ್ನು ಅಮೆರಿಕದ ತತ್ವಶಾಸ್ತ್ರಜ್ಞ ರಿಚರ್ಡ್ ರಾರ್ಟಿ ಶ್ಕ್ಲಾರ್ ಹೆಸರು ಹೇಳಿಯೇ ಎರವಲು ಪಡೆದರು. ಬ್ರಿಟನ್ನಿನ ಬರ್ನಾರ್ಡ್ ವಿಲಿಯಮ್ಸ್ ಭಯದ ಉದಾರವಾದವನ್ನು ತಮ್ಮ ರಾಜಕೀಯ ವಾಸ್ತವವಾದಕ್ಕೆ ಜೋಡಿಸಿಕೊಂಡರು. ಟೀಕೆಗಳೂ ಬಂದವು. ಕೆಡುಕನ್ನು ತಡೆಯುವುದಷ್ಟೇ ಸಾಲದು, ಜನ ಕೂಡಿ ಕಟ್ಟಿಕೊಂಡ ಏನನ್ನೋ ಕಾಪಾಡುವುದಕ್ಕಾಗಿಯೇ ಭಯಪಡುತ್ತಾರಲ್ಲವೇ ಎಂದು ವಾಲ್ಜರ್ ಕೇಳಿದರು. ಈ ಆಕ್ಷೇಪಕ್ಕೆ ತೂಕವಿದೆ; ‘ಅಮೆರಿಕನ್ ಸಿಟಿಜನ್‌ಶಿಪ್’ ಅದಕ್ಕೆ ಅರ್ಧ ಉತ್ತರ ಕೊಡುತ್ತದೆ, ಪೂರ್ತಿ ಅಲ್ಲ. ಇತಿಹಾಸಕಾರ ಸ್ಯಾಮ್ಯುಯೆಲ್ ಮೊಯ್ನ್ 2023ರಲ್ಲಿ ಶೀತಲ ಸಮರದ ಉದಾರವಾದಿಗಳ ಬಗ್ಗೆ ಬರೆದ ಪುಸ್ತಕ ಶುರುವಾಗುವುದೇ ಶ್ಕ್ಲಾರ್ ಅವರಿಂದ. ಜ್ಞಾನೋದಯದ ಆಶೆ ಬತ್ತಿದ್ದಕ್ಕೆ ಮರುಗಿದ ‘ಆಫ್ಟರ್ ಯುಟೋಪಿಯಾ’ದ ತರುಣಿಯೇ ಕಡೆಗೆ ಕನಿಷ್ಠ ಬೇಡಿಕೆಗಳ ರಾಜಕೀಯಕ್ಕೆ ಒಗ್ಗಿಕೊಂಡರೆಂಬುದು ಮೊಯ್ನ್ ಆರೋಪ. ಸಾಯುವ ವರ್ಷ ಶ್ಕ್ಲಾರ್ ಹಾರ್ವರ್ಡ್ ವಿದ್ಯಾರ್ಥಿಗಳಿಗೆ ರಾಜಕೀಯ ಬಾಧ್ಯತೆಯ ಬಗ್ಗೆ ಮಾಡಿದ ಪಾಠಗಳನ್ನು ಸಮಂತಾ ಆಶೆಂಡನ್ ಮತ್ತು ಆಂಡ್ರಿಯಾಸ್ ಹೆಸ್ ಸಂಪಾದಿಸಿ, 2019ರಲ್ಲಿ ಪುಸ್ತಕವಾಗಿ ಹೊರತಂದರು.